ಖಾಲಿ ತಂಬೂರಿ ಬಿಡಬಾರದು

ನಮ್ಮ ಅವ್ವನಿಗೆ ಎರಡು ಸಂಗತಿ ಕಂಡರೆ ಆಗುತ್ತಿರಲಿಲ್ಲ. ಒಂದು, ಮಗುವಿಲ್ಲದ ತೊಟ್ಟಿಲನ್ನು ಸುಮ್ಮನೆ ತೂಗುವುದು. ಇನ್ನೊಂದು, ಹಾಡುವವರಿಲ್ಲದೆ ತಂಬೂರಿಯನ್ನು ಸುಮ್ಮನೆ ನುಡಿಸುವುದು. ಮೊದಲನೆಯದನ್ನು ಎಲ್ಲರ ಮನೆಯ ಹಿರಿಯರೂ ಹೇಳುತ್ತಾರೆ. ಎರಡನೆಯದು ಅವ್ವನದೇ ಕಾಯಿದೆ. ಅದನ್ನು ಅವಳ ಗುರುಗಳು ಹೇಳಿಕೊಟ್ಟಿದ್ದರೋ, ಅವಳೇ ಮಾಡಿಕೊಂಡಿದ್ದಳೋ ನನಗೆ ಇವತ್ತಿಗೂ ಗೊತ್ತಿಲ್ಲ. "ಖಾಲಿ ತಂಬೂರಿ ಬಿಡಬಾರದು" ಎನ್ನುತ್ತಿದ್ದಳು. ಯಾಕೆ ಎಂದು ಕೇಳಿದರೆ "ಬಿಡಬಾರದು ಅಂದ್ರ ಬಿಡಬಾರದು" ಎಂಬ ಉತ್ತರ ಬರುತ್ತಿತ್ತು.

ಇಂಥ ಅವ್ವನ ಮಗಳಾಗಿ ನಾನು ಹಿಡಿದ ಕಸುಬು ಯಾವುದೆಂದರೆ, ಖಾಲಿ ತಂಬೂರಿ ಬಿಡುವುದು. ಅದಕ್ಕೆ ಆಂಬಿಯೆಂಟ್ ಸಂಗೀತ ಎನ್ನುತ್ತಾರೆ. ತಾಳವಿಲ್ಲ, ಪಲ್ಲವಿಯಿಲ್ಲ, ಹಾಡುವವರಿಲ್ಲ. ಕಂಪ್ಯೂಟರಿನೊಳಗೆ ಒಂದು ಸ್ವರವನ್ನು ಎಳೆದು, ಅದರ ಪಕ್ಕಕ್ಕೆ ಇನ್ನೊಂದನ್ನು ಇಟ್ಟು, ನಡುವೆ ಎಲ್ಲಿಂದಲೋ ಹಿಡಿದು ತಂದ ಫ್ಯಾನಿನ ಸದ್ದನ್ನೋ ನೀರಿನ ಸದ್ದನ್ನೋ ಬೆರೆಸಿ, ಮುಕ್ಕಾಲು ಗಂಟೆ ಬಿಟ್ಟುಬಿಡುವುದು. ಕೇಳುವವರು ಕೇಳಬಹುದು, ಓದಬಹುದು, ಅಡಿಗೆ ಮಾಡಬಹುದು, ಮಲಗಲೂಬಹುದು. ನಾನು ಈ ಕೆಲಸದಲ್ಲಿ ಅರ್ಧ ಆಯುಷ್ಯ ಕಳೆದಿದ್ದೇನೆ. ದೂರದ ಊರುಗಳಲ್ಲಿ ನನ್ನ ಹೆಸರು ಬಲ್ಲ ಒಂದಿಷ್ಟು ಜನರಿದ್ದಾರೆ. ಆದರೆ ನನಗೆ ಮೊದಲಿನಿಂದ ಇದ್ದ ಆಸೆ ಬೇರೆ. ಅವ್ವ ನನ್ನ ಒಂದೇ ಒಂದು ರಚನೆಯನ್ನು ಆರಂಭದಿಂದ ಕೊನೆಯವರೆಗೆ, ಬಾಯಿ ತೆರೆಯದೆ, ಸುಮ್ಮನೆ ಕೂತು ಕೇಳಬೇಕು. ಇಷ್ಟೇ. ಇದು ದೊಡ್ಡ ಆಸೆಯೇನಲ್ಲ ಎನಿಸಬಹುದು. ನಮ್ಮ ಅವ್ವನನ್ನು ಕಾಣದವರಿಗೆ ಹಾಗೆ ಅನಿಸುತ್ತದೆ.

ಡೊಂಬಿವಲಿ ಪೂರ್ವದಲ್ಲಿ, ಲಿಫ್ಟಿಲ್ಲದ ಬಿಲ್ಡಿಂಗಿನ ಮೂರನೇ ಮಾಳಿಗೆಯಲ್ಲಿ ನಮ್ಮ ಮನೆ. ಅಪ್ಪ ವಿಜಯಪುರದ ಕಡೆಯಿಂದ ನೌಕರಿಗೆಂದು ಬಂದವರು. ಬೇಲಾಪುರದ ಸರ್ಕಾರಿ ಕಚೇರಿಯೊಂದರಲ್ಲಿ ಕೆಲಸ. ಕುರ್ಲಾದಲ್ಲಿ ಗಾಡಿ ಬದಲಿಸಿ ಹೋಗಿ, ಬದಲಿಸಿ ಬಂದು, ಮನೆ ಸೇರುವ ಹೊತ್ತಿಗೆ ಅವರಲ್ಲಿ ಮಾತು ಉಳಿದಿರುತ್ತಿರಲಿಲ್ಲ. ಅವ್ವನ ಬಳಿ ಮಾತೂ ಇತ್ತು, ಹಾಡೂ ಇತ್ತು. ಮದುವೆಗೆ ಮುಂಚೆ ಊರಿನಲ್ಲಿ ಗುರುಗಳ ಹತ್ತಿರ ಹಿಂದೂಸ್ತಾನಿ ಕಲಿತವಳು. ಗಂಡನ ಮನೆಗೆ ಬರುವಾಗ ತಂಬೂರಿಯನ್ನು ಮಗುವಿನಂತೆ ತೊಡೆಯ ಮೇಲಿಟ್ಟುಕೊಂಡು ರೈಲಿನಲ್ಲಿ ಕೂತಿದ್ದಳಂತೆ. ಡೊಂಬಿವಲಿಯ ಮಳೆಗಾಲದ ಹಸಿ ಆ ತಂಬೂರಿಗೆ ಒಗ್ಗಲಿಲ್ಲ. ಬುರುಡೆ ಬಿರುಕು ಬಿಟ್ಟಿತು, ರಿಪೇರಿಯಾಯಿತು, ಮತ್ತೆ ಬಿಟ್ಟಿತು. ಕೊನೆಗೆ ಅಪ್ಪ ಒಂದು ಶನಿವಾರ ದಾದರಿನಿಂದ ಎಲೆಕ್ಟ್ರಾನಿಕ್ ತಂಬೂರಿ ತಂದರು. ಟ್ರಾನ್ಸಿಸ್ಟರ್ ರೇಡಿಯೊದಷ್ಟು ದೊಡ್ಡದು, ಎದುರಿಗೊಂದು ಕೆಂಪು ದೀಪ, ಶ್ರುತಿಗೊಂದು ತಿರುಪು, ವೇಗಕ್ಕೊಂದು ತಿರುಪು. ನಮ್ಮ ಮನೆಯಲ್ಲಿ ಅದರ ಹೆಸರು ಡಬ್ಬಿ.

ಮಧ್ಯಾಹ್ನ ಊಟವಾದ ಮೇಲೆ ಅವ್ವ ಹೊರಗಿನ ಕೋಣೆಯಲ್ಲಿ ಪಾಠ ಹೇಳುತ್ತಿದ್ದಳು. ಬಿಲ್ಡಿಂಗಿನ ಹೆಂಗಸರು, ಅವರ ಮಕ್ಕಳು, ವಾರಕ್ಕೊಮ್ಮೆ ಕಲ್ಯಾಣದಿಂದ ಬರುತ್ತಿದ್ದ ಭಜನಾ ಮಂಡಳಿಯವರು. ಅವ್ವ ಕನ್ನಡದಲ್ಲಿ ಹೇಳುವುದು, ಮಕ್ಕಳು ಮರಾಠಿಯಲ್ಲಿ ಉತ್ತರಿಸುವುದು. "ಬಾಯಿ ತಗದ ಹಾಡವಾ" ಎಂದರೆ "ಹೋ ಕಾಕೂ". ಯಾರಿಗೂ ಇದು ವಿಚಿತ್ರ ಅನಿಸುತ್ತಿರಲಿಲ್ಲ. ಡಬ್ಬಿಯ ಶ್ರುತಿ ಯಾವಾಗಲೂ ಕರಿ ನಾಲ್ಕು. ಹಾರ್ಮೋನಿಯಂನ ನಾಲ್ಕನೇ ಕರಿ ಪಟ್ಟಿ ಅವ್ವನ ಷಡ್ಜ. ಬೇರೆಯವರ ಗಂಟಲು ಅಲ್ಲಿಗೆ ಏರಲಿ ಬಿಡಲಿ, ಎಲ್ಲರೂ ಅಲ್ಲಿಗೇ ಬರಬೇಕು.

ಪಾಠದ ನಡುವೆ ಹಾಲು ಉಕ್ಕಬಹುದು, ನೀರು ಬರಬಹುದು, ಬಾಗಿಲಿಗೆ ಪೇಪರ್ ರದ್ದಿಯವನು ಬರಬಹುದು. ಅವ್ವ ಏಳಲೇಬೇಕು. ಆದರೆ ತಂಬೂರಿ ಖಾಲಿ ಬಿಡುವಂತಿಲ್ಲ. ಡಬ್ಬಿ ಆರಿಸಿ ಹೋಗಬಹುದಿತ್ತು ಎಂಬ ವಿಚಾರ ಅವಳಿಗೆ ಎಂದೂ ಬರಲಿಲ್ಲ. ಆಗ ನನ್ನ ಕಡೆ ನೋಡಿ ಹೇಳುತ್ತಿದ್ದಳು:

"ನಾ ಬರೂತನಕ ನೀ ಸಾ ಹಿಡಿ."

ನಾನು ಮಂಚದ ಮೇಲೆ ಶಾಲೆಯ ಅಭ್ಯಾಸ ಮಾಡುತ್ತ ಕೂತವಳು ಪೆನ್ಸಿಲ್ ಬಿಟ್ಟು "ಸಾ" ಎಂದು ಹಿಡಿಯುತ್ತಿದ್ದೆ. ಉಸಿರು ಮುಗಿದರೆ ಮತ್ತೆ ಎಳೆದುಕೊಂಡು ಮತ್ತೆ ಹಿಡಿಯುವುದು. ಅಡಿಗೆಮನೆಯಿಂದ ಪಾತ್ರೆಯ ಸದ್ದಿನ ಜೊತೆಗೆ ಅವ್ವನ ಗಂಟಲೂ ಸಣ್ಣಗೆ ಕೇಳುತ್ತಿರುತ್ತಿತ್ತು, ನನ್ನ ಮೇಲೆ ಪೂರ್ಣ ಭರವಸೆ ಇಲ್ಲದ್ದರಿಂದ. ಅವಳು ಸೆರಗಿಗೆ ಕೈ ಒರೆಸಿಕೊಳ್ಳುತ್ತ ಬಾಗಿಲಿಗೆ ಬಂದು ನಿಂತಾಗ, ನನ್ನ ಸ್ವರ ಕೆಳಗಿದ್ದರೆ ತೋರುಬೆರಳು ಮೇಲೇಳುತ್ತಿತ್ತು. ಮೇಲಿದ್ದರೆ ಅಂಗೈ ಕೆಳಮುಖವಾಗಿ ಇಳಿಯುತ್ತಿತ್ತು. ಸರಿಯಿದ್ದರೆ ಏನೂ ಇಲ್ಲ, ಬಂದು ಕೂತು ಪಾಠ ಮುಂದುವರಿಸುವುದು. ನನಗೆ ಆ "ಏನೂ ಇಲ್ಲ" ಸಿಕ್ಕಿದ್ದು ಕಡಿಮೆ. ನನ್ನ ಬಾಲ್ಯದಲ್ಲಿ ಆ ತೋರುಬೆರಳನ್ನು ನೋಡಿದಷ್ಟು ನಾನು ಇನ್ನೇನನ್ನೂ ನೋಡಿಲ್ಲ.

ಒಮ್ಮೆ ಅವ್ವ ತರಕಾರಿ ತರಲು ಸ್ಟೇಷನ್ನಿನ ಕಡೆ ಹೋಗಿದ್ದಳು. ಮನೆಯಲ್ಲಿ ನಾನೊಬ್ಬಳೇ. ಡಬ್ಬಿ ಹಚ್ಚಿ, ವೇಗದ ತಿರುಪನ್ನು ಎಡಕ್ಕೆ ಪೂರ್ತಿ ತಿರುಗಿಸಿದೆ. ತಂತಿಗಳು ಒಂದೊಂದಾಗಿ, ಸೋಮಾರಿಯಾಗಿ ನುಡಿಯತೊಡಗಿದವು. ಒಂದು ಸ್ವರಕ್ಕೂ ಮತ್ತೊಂದು ಸ್ವರಕ್ಕೂ ನಡುವೆ ಇದ್ದಕ್ಕಿದ್ದಂತೆ ಜಾಗವಾಯಿತು. ಆ ಜಾಗದಲ್ಲಿ ಪಕ್ಕದ ಮನೆಯ ಗ್ರೈಂಡರಿನ ಗುಂಯ್‌ಗುಡುವಿಕೆ ಬಂತು. ಕೆಳಗೆ ಯಾರೋ ನೀರಿನ ಪಂಪು ಹಾಕಿದರು, ಅದೂ ಬಂತು. ಎಲ್ಲವೂ ಡಬ್ಬಿಯ ಜೊತೆ ಒಂದೇ ಪಂಕ್ತಿಯಲ್ಲಿ ಊಟಕ್ಕೆ ಕೂತಂತಿತ್ತು. ನಾನು ಡಬ್ಬಿಯ ಜಾಲರಿಗೆ ಕಿವಿ ಹಚ್ಚಿ ನೆಲದ ಮೇಲೆ ಮಲಗಿದೆ. ಅಷ್ಟು ಸಂತೋಷ ನನಗೆ ಆಮೇಲೆ ಬಹಳ ಸಲ ಆಗಿಲ್ಲ. ನನ್ನ ಮೊದಲ ರಚನೆ ಅದೇ ಎಂದು ಈಗಲೂ ಹೇಳುತ್ತೇನೆ.

ಆಗ ಮೆಟ್ಟಿಲಿನಿಂದ ಹಾಡು ಕೇಳಿಸಿತು. ಅವ್ವ ಕೆಳಗಿನ ಮಾಳಿಗೆಯಲ್ಲೇ ಖಾಲಿ ತಂಬೂರಿಯನ್ನು ಕೇಳಿಸಿಕೊಂಡಿದ್ದಳು. ಕೇಳಿದ ಕ್ಷಣವೇ, ಎರಡೂ ಕೈಯಲ್ಲಿ ತರಕಾರಿ ಚೀಲ ಹಿಡಿದು, ಏದುಸಿರು ಬಿಡುತ್ತ, ಹಾಡು ಶುರುಮಾಡಿದ್ದಳು. ಹಾಡುತ್ತಲೇ ಮೆಟ್ಟಿಲೇರಿದಳು, ಹಾಡುತ್ತಲೇ ಕೀಲಿ ತೆಗೆದಳು, ಹಾಡುತ್ತಲೇ ಚಪ್ಪಲಿ ಬಿಟ್ಟಳು, ಸಾಲು ಮುಗಿಸಿ ಸಾ ಮುಟ್ಟಿ ಡಬ್ಬಿ ಆರಿಸಿದಳು. ಅದಾದ ಮೇಲೆ ನನ್ನ ಬೆನ್ನಿಗೊಂದು ಬಿಟ್ಟಳು. ಪಕ್ಕದ ಮನೆಯ ಅಕ್ಕ, ಅವರು ಉಡುಪಿ ಕಡೆಯವರು, ಬಾಗಿಲು ತೆರೆದು ನೋಡಿ, "ಎಂತ ಮಾರಾಯ್ತಿ, ಮಾರ್ಕೆಟಿಂದ ಹಾಡ್ತಾ ಬಂದದ್ದಾ?" ಎಂದು ಕೇಳಿದರು. ಅವ್ವನಲ್ಲಿ ಉಸಿರು ಉಳಿದಿರಲಿಲ್ಲ, ತಲೆಯಾಡಿಸಿದಳು.

ನಾನು ಹಾಡುವುದನ್ನು ಬಿಟ್ಟಿದ್ದು ಹನ್ನೆರಡನೆಯ ವಯಸ್ಸಿನಲ್ಲಿ. ನಮ್ಮ ಕನ್ನಡ ಸಂಘದ ಮಕ್ಕಳ ಸ್ಪರ್ಧೆ. ಅವ್ವ ಮೊದಲ ಸಾಲಿನಲ್ಲಿ ಕೂತಿದ್ದಳು. ನಾನು ಬಾಯಿ ತೆರೆದಾಗ ಎದ್ದ ತೋರುಬೆರಳು ಇಳಿಯಲೇ ಇಲ್ಲ. ಹಾಡಿನ ಅರ್ಧಕ್ಕೆ ನಾನು ವೇದಿಕೆಯಿಂದ ಇಳಿದು ನೇರ ಹೊರಗೆ ಹೋಗಿ ಬಟಾಟೆವಡೆಯ ಅಂಗಡಿಯ ಎದುರು ನಿಂತುಕೊಂಡೆ. ಮರುದಿನದಿಂದ ಅವ್ವ ಅಡಿಗೆಮನೆಗೆ ಹೋಗುವಾಗ ತಾನೇ ಸಾ ಹಿಡಿದುಕೊಂಡು ಹೋಗತೊಡಗಿದಳು. ನನ್ನ ಕಡೆ ನೋಡಲಿಲ್ಲ. ನನಗೆ ಸಿಟ್ಟು ಬಂದರೆ ಬೇಗ ಇಳಿಯುವುದಿಲ್ಲ, ಅದು ಅವ್ವನಿಂದಲೇ ಬಂದದ್ದು.

ನೌಪಾಡಾದ ಹತ್ತಿರದ ಕಾಲೇಜಿನಲ್ಲಿ ಕಾಮರ್ಸ್ ಓದುವಾಗ ಗೆಳತಿಯೊಬ್ಬಳ ಮನೆಯ ಕಂಪ್ಯೂಟರಿನಲ್ಲಿ ಸದ್ದುಗಳನ್ನು ಕತ್ತರಿಸಿ ಅಂಟಿಸುವುದನ್ನು ಕಲಿತೆ. ಡಿಗ್ರಿ ಮುಗಿದು ಐರೋಲಿಯ ಐಟಿ ಪಾರ್ಕಿನಲ್ಲಿ ಕೆಲಸ ಸಿಕ್ಕಿತು. ಕೆಲಸದ ಬಗ್ಗೆ ಹೇಳುವಂಥದ್ದೇನೂ ಇಲ್ಲ. ಆದರೆ ಆ ಕಟ್ಟಡದ ಏಸಿ ಪ್ಲಾಂಟಿನ ಕೋಣೆಯ ಸದ್ದನ್ನು ನಾನು ಇಂದಿಗೂ ಮರೆತಿಲ್ಲ. ಊಟದ ಬಿಡುವಿನಲ್ಲಿ ಅಲ್ಲಿ ನಿಂತು ಮೊಬೈಲಿನಲ್ಲಿ ರೆಕಾರ್ಡ್ ಮಾಡಿಕೊಳ್ಳುತ್ತಿದ್ದೆ. ಸೆಕ್ಯೂರಿಟಿಯವನು ನಾನು ಅಳಲು ಬರುತ್ತೇನೆ ಎಂದುಕೊಂಡಿದ್ದ, ದಿನಾ ಒಂದು ಗ್ಲಾಸು ನೀರು ತಂದು ಕೊಡುತ್ತಿದ್ದ. ಆ ಏಸಿ ಪ್ಲಾಂಟಿನ ಮೇಲೆ ಮನೆಯ ಡಬ್ಬಿಯನ್ನು ಇಟ್ಟು, ಎರಡನ್ನೂ ಎಳೆದು ಎಳೆದು ಹೊಳೆಯ ಹಾಗೆ ಮಾಡಿ, ಇಂಟರ್ನೆಟ್ಟಿಗೆ ಹಾಕಿದೆ. ಕೆಲವು ವಾರದ ಮೇಲೆ ಹೊರದೇಶದ ಒಂದು ಚಿಕ್ಕ ರೆಕಾರ್ಡ್ ಕಂಪನಿಯವರು ಇಂಥದ್ದು ಇನ್ನೂ ಇದೆಯೇ ಎಂದು ಕೇಳಿದರು. ಇತ್ತು. ಮನೆಯ ತುಂಬ ಇತ್ತು.

ಅಂದು ಸಂಜೆ ಅವ್ವನನ್ನು ಕೂರಿಸಿ ಮೊದಲ ಸಲ ನನ್ನ ರಚನೆ ಕೇಳಿಸಿದೆ. ಅವ್ವ ಕಣ್ಣು ಮುಚ್ಚಿದಳು. ಸ್ವಲ್ಪ ಹೊತ್ತಾದ ಮೇಲೆ ಕಣ್ಣು ತೆರೆದಳು.

"ಶ್ರುತಿ ಭಾಳ ಚಲೋ ಹಚ್ಚೀ. ಹಾಡು ಯಾವಾಗ ಶುರು ಆಗ್ತದ?"

"ಅವ್ವಾ, ಇದೇ ಹಾಡು."

"ಚ್ಯಾಷ್ಟಿ ಮಾಡಬ್ಯಾಡ. ಹಾಡೋರು ಯಾರದಾರ?"

"ಯಾರೂ ಇಲ್ಲ."

ಅವ್ವ ನನ್ನನ್ನು ಕರುಣೆಯಿಂದ ನೋಡಿದಳು. ಮಗಳು ಎಲ್ಲ ಸಿದ್ಧತೆ ಮಾಡಿಕೊಂಡಿದ್ದಾಳೆ, ಹಾಡುವವರು ಕೈಕೊಟ್ಟಿದ್ದಾರೆ ಎಂಬ ಕರುಣೆ. ಗಂಟಲು ಸರಿಮಾಡಿಕೊಂಡು ತಾನೇ ಶುರುಮಾಡಿದಳು. ನನ್ನ ಏಸಿ ಪ್ಲಾಂಟಿನ ಮೇಲೆ ಅವಳ ಸಂಜೆಯ ಆಲಾಪ ಏರಿ ಕೂತಿತು. ಮೂಲೆಯ ಕುರ್ಚಿಯಲ್ಲಿ ಅಪ್ಪ ಆಗಲೇ ನಿದ್ದೆ ಹೋಗಿದ್ದರು. ನನ್ನ ಪ್ರಕಾರ ಅವತ್ತು ನನ್ನ ಸಂಗೀತವನ್ನು ಸರಿಯಾಗಿ ಅರ್ಥಮಾಡಿಕೊಂಡವರು ಅಪ್ಪ ಮಾತ್ರ.

ಅಲ್ಲಿಂದ ನಮ್ಮಿಬ್ಬರ ಜಿದ್ದು ಶುರುವಾಯಿತು. ನಾನು ನೌಕರಿ ಬಿಟ್ಟು ಪೂರ್ತಿ ಇದಕ್ಕೇ ಇಳಿದೆ. ಸ್ಪಾಗಳಿಗೆ, ಧ್ಯಾನದ ಆ್ಯಪುಗಳಿಗೆ, ವಾಶಿಯ ಒಬ್ಬ ಹಲ್ಲಿನ ಡಾಕ್ಟರರ ವೇಟಿಂಗ್ ರೂಮಿಗೆ ಸದ್ದು ಮಾಡಿಕೊಟ್ಟು ಹೊಟ್ಟೆ ಹೊರೆದುಕೊಳ್ಳುತ್ತ, ಉಳಿದ ಹೊತ್ತಿನಲ್ಲಿ ನನ್ನದನ್ನು ಮಾಡುತ್ತಿದ್ದೆ. ಊರಿನಿಂದ ಬಂದ ನೆಂಟರು "ಏನ್ ಬಾರಸ್ತೀಯವಾ?" ಎಂದು ಕೇಳಿದರೆ ಅವ್ವನೇ ಮುಂದೆ ಬಂದು "ಅಕಿ ಶ್ರುತಿ ಹಚ್ಚತಾಳ" ಎನ್ನುತ್ತಿದ್ದಳು. ಹೊರದೇಶದವರೊಬ್ಬರು ನಿಮ್ಮ ಸಂಗೀತ ಕೇಳಿ ಬಹಳ ದಿನಗಳ ಮೇಲೆ ನಿದ್ದೆ ಬಂತು ಎಂದು ಬರೆದದ್ದನ್ನು ಹೆಮ್ಮೆಯಿಂದ ಓದಿ ಹೇಳಿದೆ. "ಮಂದಿ ಮಲಕೊಂಡ್ರ ನಾವು ಹಾಡೋದು ನಿಲ್ಲಸ್ತಿದ್ವಿ. ನೀ ಖುಷಿ ಪಡ್ತಿ" ಎಂದಳು.

ಪ್ರತಿ ರಚನೆ ಮುಗಿದಾಗಲೂ ಕೇಳಿಸುತ್ತಿದ್ದೆ, ಪ್ರತಿ ಸಲವೂ ಅವ್ವ ಹಾಡುತ್ತಿದ್ದಳು. ಒಂದು ಹಂತದಲ್ಲಿ ನನಗೇ ಹೊಳೆಯಿತು, ನಾನು ಮಾಡಿದ್ದೆಲ್ಲ ಕರಿ ನಾಲ್ಕರಲ್ಲೇ ಇದೆ. ಕೈ ತನ್ನಷ್ಟಕ್ಕೆ ಅಲ್ಲಿಗೇ ಹೋಗುತ್ತದೆ. ಸರಿ, ಶ್ರುತಿ ಬದಲಿಸಿದೆ. ಅವ್ವ ಅಲ್ಲಿಗೂ ಬಂದಳು. ಆಮೇಲೆ ಹಟಕ್ಕೆ ಬಿದ್ದು ಹಾರ್ಮೋನಿಯಂನ ಯಾವ ಪಟ್ಟಿಗೂ ಸಿಗದ, ಎರಡು ಪಟ್ಟಿಗಳ ನಡುವಿನ ಸಂದಿಯಲ್ಲಿ ಒಂದು ರಚನೆ ಮಾಡಿದೆ. ಅವ್ವ ಕತ್ತು ಓರೆ ಮಾಡಿ ಒಂದು ಕ್ಷಣ ಕೇಳಿ, ಹುಬ್ಬು ಗಂಟಿಕ್ಕಿ, ಅದೇ ಸಂದಿಗೆ ತನ್ನ ಷಡ್ಜವನ್ನು ಇಳಿಸಿ ಹಾಡಿದಳು. ಕೊನೆಗೆ ಸ್ವರವೇ ಬೇಡವೆಂದು ಐರೋಲಿಯ ಸೇತುವೆಯ ಕೆಳಗೆ ಖಾಡಿಯ, ಎಂದರೆ ಒಳನುಗ್ಗಿದ ಸಮುದ್ರದ, ನೀರು ಏರುವ ಸದ್ದನ್ನಷ್ಟೇ ಹಿಡಿದು ತಂದು ಹಾಕಿದೆ. ಈಗ ಏನು ಮಾಡುತ್ತಾಳೆ ನೋಡೋಣ ಎಂದುಕೊಂಡೆ.

ಅದಕ್ಕೂ ಹಾಡಿದಳು. "ನೀರಿಗೂ ಒಂದು ಸಾ ಇರ್ತದವಾ, ನಿನಗ ಕೇಳಸವಲ್ದೇನು?" ಎಂದು ನನ್ನನ್ನೇ ಕೇಳಿದಳು.

ನನ್ನ ಮಾನ ಪೂರ್ತಿ ಹೋದದ್ದು ಕನ್ನಡ ಸಂಘದ ವಾರ್ಷಿಕೋತ್ಸವದಲ್ಲಿ. ಪಕ್ಕದ ಮನೆಯ ಅಕ್ಕನ ಯಜಮಾನರು ಸಂಘದ ಕಾರ್ಯದರ್ಶಿ. ನೌಪಾಡಾದಲ್ಲಿ ಅವರ ಹೋಟೆಲಿತ್ತು. ಮೆಟ್ಟಿಲಿನಲ್ಲಿ ನನ್ನನ್ನು ತಡೆದು, "ನಮ್ಮ ಬಿಲ್ಡಿಂಗಿನ ಹುಡುಗಿ ಫಾರಿನ್ನಲ್ಲೆಲ್ಲ ಹೆಸರು ಮಾಡಿದ್ದು, ನಮಗೆ ಒಂದು ಪ್ರೋಗ್ರಾಮ್ ಕೊಡ್ಲಿಕ್ಕಿಲ್ವಾ? ಅರ್ಧ ಗಂಟೆ ಸಾಕು, ಆಮೇಲೆ ಊಟ ಉಂಟು" ಎಂದರು. ನಾನು ಒಪ್ಪಿದೆ. ಅವ್ವನನ್ನು ಸಭೆಯಲ್ಲಿ ಕೂರಿಸಿದರೆ, ಅಷ್ಟು ಜನರ ನಡುವೆ ಬಾಯಿ ಮುಚ್ಚಿ ಕೂರಲೇಬೇಕಾಗುತ್ತದೆ ಎಂಬ ಲೆಕ್ಕ ನನ್ನದು. ಕೊನೆಯವರೆಗೆ ಕೇಳಲೇಬೇಕಾಗುತ್ತದೆ.

ಸಭಾಗೃಹ ತುಂಬಿತ್ತು. ಮಕ್ಕಳ ನೃತ್ಯ ಮುಗಿದು, ನಾನು ಲ್ಯಾಪ್‌ಟಾಪ್ ತೆರೆದು ವೇದಿಕೆಯ ಬದಿಯ ಮೇಜಿನ ಮುಂದೆ ಕೂತೆ. ನಡುವೆ ಮೈಕು ಹಾಗೇ ನಿಂತಿತ್ತು, ಅದನ್ನು ತೆಗೆಯಲು ಯಾರಿಗೂ ತೋಚಲಿಲ್ಲ. ಮೊದಲ ಸ್ವರ ಎದ್ದಿತು. ಜನ ಒಳ್ಳೆಯವರು, ಒಂದೆರಡು ನಿಮಿಷ ಸುಮ್ಮನೆ ಕೂತರು. ಆಮೇಲೆ ಗುಸುಗುಸು. ಆ ಖಾಲಿ ಮೈಕನ್ನು ನೋಡುವುದು, ಪಕ್ಕದ ಬಾಗಿಲನ್ನು ನೋಡುವುದು. "ಹಾಡೋರು ಟ್ರಾಫಿಕ್ಕಿನ್ಯಾಗ ಸಿಕ್ಕೊಂಡಾರಂತ" ಎಂದು ಹಿಂದಿನಿಂದ ಯಾರೋ ಹೇಳಿದರು. ಇನ್ನೊಬ್ಬರು ಗಾಡಿ ಲೇಟಂತೆ ಎಂದರು. ಪಕ್ಕದ ಮನೆಯ ಅಕ್ಕ ಎದ್ದು ನಿಂತು, "ಮೈಕ್ ಟೆಸ್ಟಿಂಗ್ ಇನ್ನೂ ಆಗ್ಲಿಲ್ವಾ?" ಎಂದು ಗಂಡನನ್ನು ಕೇಳಿದ್ದು ನನಗೆ ವೇದಿಕೆಯ ಮೇಲೂ ಕೇಳಿಸಿತು. ಕಾರ್ಯದರ್ಶಿಗಳು ಬೆವರುತ್ತ ಬಾಗಿಲಿಗೂ ವೇದಿಕೆಗೂ ಓಡಾಡತೊಡಗಿದರು.

ಅವ್ವ ಇದನ್ನೆಲ್ಲ ನೋಡಿದಳು. ಮಗಳ ತಂಬೂರಿ ಅಷ್ಟು ಜನರ ಎದುರು ಖಾಲಿಯಾಗಿ ನಿಂತಿದೆ, ಜನ ಮಾತಾಡಿಕೊಳ್ಳುತ್ತಿದ್ದಾರೆ. ಎದ್ದಳು. ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡಳು. ನಾನು ಕಣ್ಣಿನಲ್ಲೇ "ಬೇಡ" ಎಂದೆ. ಅವ್ವ ಕಣ್ಣಿನಲ್ಲೇ "ಹೆದರಬ್ಯಾಡ, ನಾ ಅದೀನಿ" ಎಂದು ಉತ್ತರ ಕೊಟ್ಟು, ಮೆಟ್ಟಿಲೇರಿ, ಮೈಕು ತನ್ನ ಎತ್ತರಕ್ಕೆ ಇಳಿಸಿಕೊಂಡು, ದಾಸರ ಪದವೊಂದನ್ನು ಎತ್ತಿಕೊಂಡಳು. ಎಷ್ಟು ಚೆನ್ನಾಗಿ ಹಾಡಿದಳೆಂದರೆ ಸಿಟ್ಟಿನಲ್ಲಿ ಕೂತಿದ್ದ ನನಗೂ ಮೈ ಜುಮ್ಮೆಂದಿತು. ಸಭೆ ಚಪ್ಪಾಳೆಯಿಂದ ತುಂಬಿತು. ಅವ್ವನಿಗೆ ಶಾಲು, ಹಣ್ಣಿನ ಬುಟ್ಟಿ. ವಂದನಾರ್ಪಣೆಯಲ್ಲಿ ಕಾರ್ಯದರ್ಶಿಗಳು, "ಲ್ಯಾಪ್‌ಟಾಪಿನಲ್ಲಿ ತಂಬೂರಿ ಸಾಥ್ ನೀಡಿದ ಅವರ ಸುಪುತ್ರಿಗೂ ನಮ್ಮ ಧನ್ಯವಾದಗಳು" ಎಂದರು.

ನಾನು ಆ ರಾತ್ರಿಯ ಊಟ ಮಾಡಲಿಲ್ಲ. ಅವ್ವನೊಂದಿಗೆ ಹಲವು ದಿನ ಬೇಕಾದಷ್ಟೇ ಮಾತು. ಅವಳಿಗೆ ನನ್ನ ಸಿಟ್ಟಿನ ಕಾರಣವೇ ಹೊಳೆಯಲಿಲ್ಲ. "ಅಕಿ ಮಾನ ಉಳಿಸೀನಿ, ನನಗ ಮಾರಿ ತಿರುವತಾಳ" ಎಂದು ಅಪ್ಪನ ಹತ್ತಿರ ದೂರು ಹೇಳಿದಳಂತೆ. ಅಪ್ಪ ಇಬ್ಬರಲ್ಲಿ ಯಾರ ಪರವೂ ವಹಿಸದೆ ಪೇಪರ್ ಓದಿದರು. ಈಗ ಆ ದಿನ ನೆನೆದರೆ ನಗು ಬರುತ್ತದೆ. ಅಂಥ ಇನ್ನೊಂದು ಸಂಜೆಗೆ ನಾನು ಏನು ಬೇಕಾದರೂ ಕೊಟ್ಟೇನು.

ಡೊಂಬಿವಲಿಯ ಬಿಲ್ಡಿಂಗು ರಿಡೆವಲಪ್‌ಮೆಂಟಿಗೆ ಹೋಯಿತು. ಹೊಸ ಟವರು ಏಳುವವರೆಗೆ ಅಪ್ಪ ಅವ್ವ ಐರೋಲಿಗೆ ಬಂದರು, ಅಷ್ಟರಲ್ಲಿ ನಾನು ಅಲ್ಲಿ ಫ್ಲ್ಯಾಟು ಮಾಡಿಕೊಂಡಿದ್ದೆ. ಬಾಲ್ಕನಿಯಿಂದ ಖಾಡಿ ಕಾಣುತ್ತದೆ, ಮಳೆಗಾಲ ಮುಗಿದ ಮೇಲೆ ಫ್ಲೆಮಿಂಗೊ ಹಕ್ಕಿಗಳು ಬರುತ್ತವೆ. ಅಪ್ಪನಿಗೆ ಅಷ್ಟೇ ಸಾಕು. ಅವ್ವ ಬಂದ ವಾರವೇ ಕೆಳಗಿನ ಗಾರ್ಡನ್ನಿನಲ್ಲಿ ಕನ್ನಡದ ಹೆಂಗಸರನ್ನು ಹುಡುಕಿ ಪಾಠ ಶುರುಮಾಡಿದಳು. ಡಬ್ಬಿಯೂ ಬಂದಿತ್ತು. ಕೆಂಪು ದೀಪ ಕೆಟ್ಟಿತ್ತು, ಶ್ರುತಿ ಮಾತ್ರ ಹಾಗೇ ಇತ್ತು. ನನ್ನ ಕೋಣೆಯ ಬಾಗಿಲು ಎಷ್ಟು ಮುಚ್ಚಿದರೂ ನಾನು ಸ್ಪೀಕರ್ ಹಾಕಿದರೆ ಸಾಕು, ಅಡಿಗೆಮನೆಯಿಂದ ಆಲಾಪ ಶುರು. ಹೆಡ್‌ಫೋನ್ ಹಾಕಿಕೊಂಡೇ ಕೆಲಸ ಮಾಡುವುದನ್ನು ರೂಢಿಸಿಕೊಂಡೆ.

ಆಮೇಲೆ ಅವ್ವನ ಗಂಟಲಲ್ಲಿ ಒಂದು ಗಂಟು ಕಾಣಿಸಿಕೊಂಡಿತು. ಥೈರಾಯ್ಡ್ ಎಂದರು. ಗಂಟು ಸ್ವರದ ನರಕ್ಕೆ ಅಂಟಿಕೊಂಡಿತ್ತು, ತೆಗೆಯದೆ ಬೇರೆ ದಾರಿ ಇರಲಿಲ್ಲ, ಡಾಕ್ಟರರು ಮೊದಲೇ ಎಲ್ಲವನ್ನೂ ಬಿಡಿಸಿ ಹೇಳಿದ್ದರು. ಜೀವ ಉಳಿಯಿತು. ಸ್ವರ ಹೋಯಿತು. ಬರೀ ಉಸಿರಿನ ಮಾತು ಉಳಿಯಿತು, ಹತ್ತಿರ ಕೂತವರಿಗೆ ಮಾತ್ರ ಕೇಳುವಷ್ಟು. ಬಂದರೂ ಬರಬಹುದು, ಕಾಯಿರಿ ಎಂದರು. ಕಾದೆವು. ಅವ್ವ ಬೆಳಿಗ್ಗೆ ಬಾಲ್ಕನಿಯಲ್ಲಿ ನಿಂತು, ಯಾರೂ ನೋಡುತ್ತಿಲ್ಲ ಎಂದುಕೊಂಡು, ಬಾಯಿ ತೆರೆದು ಸಾ ಹಿಡಿಯಲು ನೋಡುತ್ತಿದ್ದಳು. ಗಾಳಿ ಮಾತ್ರ ಬರುತ್ತಿತ್ತು. ನಾನು ಪರದೆಯ ಹಿಂದೆ ನಿಂತು ನೋಡಿ ಒಳಗೆ ಬಂದುಬಿಡುತ್ತಿದ್ದೆ.

ಡಬ್ಬಿಯನ್ನು ಅವ್ವ ತಾನೇ ಸೀರೆಯ ತುಂಡಿನಲ್ಲಿ ಸುತ್ತಿ ಕಪಾಟಿನ ಮೇಲಿಟ್ಟಳು. ಹಾಡುವವರಿಲ್ಲದ ಮನೆಯಲ್ಲಿ ಅದು ಹೊರಗಿರಬಾರದಲ್ಲ.

ಸಂಘದ ಆ ದಿನದ ರೆಕಾರ್ಡಿಂಗ್ ನನ್ನ ಬಳಿ ಇತ್ತು. ವೇದಿಕೆಯ ಕಾರ್ಯಕ್ರಮಗಳನ್ನೆಲ್ಲ ನಾನು ಹಿಡಿದಿಟ್ಟುಕೊಳ್ಳುತ್ತೇನೆ. ಅದನ್ನು ಹುಡುಕಿ ತೆಗೆದು, ಅವ್ವನ ಸ್ವರವನ್ನು ಬೇರೆ ಮಾಡಿ, ನನ್ನ ಹೊಸ ರಚನೆಯೊಳಗೆ ಅಲ್ಲಲ್ಲಿ ನೇಯ್ದೆ. ಬಹಳ ಚೆನ್ನಾಗಿ ಬಂತು. ಅವಳಿಗೆ ಖುಷಿಯಾಗುತ್ತದೆ ಎಂದು ಕೇಳಿಸಿದೆ. ತನ್ನ ದನಿ ಬಂದ ಕೂಡಲೇ ಅವ್ವ ಎದ್ದು ಬಾಲ್ಕನಿಗೆ ಹೋದಳು. ನಾನು ನಿಲ್ಲಿಸಿ ಹಿಂದೆಯೇ ಹೋದೆ.

"ಅದು ಅವತ್ತಿನ ಹಾಡು. ಅವತ್ತ ಹಾಡಿ ಮುಗಿಸೀನಿ" ಎಂದು ಉಸಿರಿನಲ್ಲಿ ಹೇಳಿದಳು. "ಅದನ್ನ ತಗದುಬಿಡು."

ತೆಗೆದುಬಿಟ್ಟೆ. ಆ ರಚನೆಯಲ್ಲಿ ಅವ್ವನ ದನಿ ಇದ್ದ ಜಾಗಗಳೆಲ್ಲ ಖಾಲಿಯಾಗಿ ಉಳಿದವು. ತುಂಬುವ ಮನಸ್ಸಾಗಲಿಲ್ಲ, ಹಾಗೇ ಬಿಟ್ಟು ಮುಂದುವರಿದೆ.

ಆ ರಚನೆ ಮುಗಿದದ್ದು ಹೋದ ದೀಪಾವಳಿ ಕಳೆದ ಮೇಲೆ. ದೇವರ ಮುಂದೆ ದೀಪ ಹಚ್ಚಿಯಾಗಿತ್ತು. ಅಪ್ಪ ತಮ್ಮ ಕುರ್ಚಿಯಲ್ಲಿ, ಅವ್ವ ನೆಲದ ಮೇಲೆ ಪೇಪರ್ ಹಾಸಿಕೊಂಡು ಮೆಂತ್ಯದ ಸೊಪ್ಪು ಬಿಡಿಸುತ್ತಿದ್ದಳು. ಹೆಡ್‌ಫೋನಿನಿಂದ ನನ್ನ ಕಿವಿ ನೋಯುತ್ತಿತ್ತು. ಒಂದು ಸಲ ದೊಡ್ಡದಾಗಿ ಕೇಳಿ ನೋಡಬೇಕು ಎಂದು ಹೊರಗಿನ ಕೋಣೆಯ ಸ್ಪೀಕರಿಗೆ ಹಾಕಿದೆ. ಹಾಕಿದ ಮೇಲೆ ಗೊತ್ತಾಯಿತು, ಮತ್ತೆ ಕರಿ ನಾಲ್ಕು.

ನಾನು ಅವ್ವನ ಪಕ್ಕದಲ್ಲಿ ಕೂತೆ. ಮೊದಲ ಕೆಲವು ನಿಮಿಷ ಕಳೆದವು. ಯಾವಾಗಲೂ ಈ ಹೊತ್ತಿಗೆ ಗಂಟಲು ಸರಿಮಾಡಿಕೊಳ್ಳುವ ಸದ್ದು ಬರಬೇಕು. ಏನೂ ಬರಲಿಲ್ಲ. ಅವ್ವ ಒಂದೊಂದೇ ಕಡ್ಡಿಯಿಂದ ಎಲೆ ಕಿತ್ತು ಬುಟ್ಟಿಗೆ ಹಾಕುತ್ತಿದ್ದಳು. ಸ್ವರಗಳು ಬಂದವು, ಹೋದವು, ಖಾಲಿ ಜಾಗಗಳು ಬಂದವು. ಒಂದೊಂದು ಖಾಲಿ ಜಾಗ ಬಂದಾಗಲೂ ನಾನು ಕಾದೆ. ಇಲ್ಲಿ ಬರುತ್ತಾಳೆ, ಇಲ್ಲಿ ತಪ್ಪಿದರೆ ಮುಂದಿನದರಲ್ಲಿ ಬರುತ್ತಾಳೆ. ಬರಲಿಲ್ಲ. ಕೊನೆಯ ಸ್ವರ ಕರಗಿ ಹೋಯಿತು, ಅಪ್ಪನ ಗೊರಕೆ ಮಾತ್ರ ಉಳಿಯಿತು.

"ಮುಗೀತೇನು?" ಎಂದಳು ಅವ್ವ.

"ಮುಗೀತು."

"ಪೂರಾ ಕೇಳಿದೆ ನೋಡು."

ಹೌದು, ಪೂರಾ ಕೇಳಿದ್ದಳು. ಬಾಯಿ ತೆರೆಯದೆ, ಸುಮ್ಮನೆ ಕೂತು, ಆರಂಭದಿಂದ ಕೊನೆಯವರೆಗೆ. ನಾನು ಇಷ್ಟು ವರ್ಷ ಬೇಡಿಕೊಂಡಿದ್ದು ಇದನ್ನೇ. ನನ್ನ ಬದುಕಿನಲ್ಲಿ ಇದಕ್ಕಿಂತ ದೊಡ್ಡ ದುಃಖ ನನಗೆ ಆಗಿಲ್ಲ.

"ಹ್ಯಾಂಗ ಅನಸ್ತು?" ಎಂದು ಕೇಳಿದೆ.

ಅವ್ವ ಬರಿಯ ಕಡ್ಡಿಗಳನ್ನು ಪೇಪರಿನಲ್ಲಿ ಸುತ್ತುತ್ತ ಸ್ವಲ್ಪ ಯೋಚಿಸಿದಳು. "ಚಲೋ ಅದ. ಭಾಳ ಜಾಗಾ ಬಿಟ್ಟೀ." ಆಮೇಲೆ ನನ್ನ ಮುಖ ನೋಡಿ, "ಮೊದಲಿಂದನೂ ಬಿಡತಿದ್ದಿ. ನನಗ ಬಿಟ್ಟೀ ಅಂತ ತಿಳದು ನಾ ಹಾಡತಿದ್ದೆ" ಎಂದಳು.

ನಾನು ಅತ್ತುಬಿಟ್ಟೆ. ತಡೆದುಕೊಳ್ಳಲು ಆಗಲಿಲ್ಲ, ತಡೆಯುವ ಮನಸ್ಸೂ ಇರಲಿಲ್ಲ. ಅವ್ವ ಮೆಂತ್ಯದ ವಾಸನೆಯ ಕೈಯಿಂದ ನನ್ನ ಕೆನ್ನೆ ಒರೆಸಿ, ಅಳುವ ಮಕ್ಕಳನ್ನು ಕಂಡರೆ ಅವಳಿಗೆ ಮೊದಲಿನಿಂದ ಆಗುವ ಬೇಸರದಲ್ಲಿ, ಸ್ಪೀಕರಿನ ಕಡೆ ಗದ್ದ ತೋರಿಸಿದಳು. ಇನ್ನೊಮ್ಮೆ ಹಚ್ಚು ಎಂದು. ಹಚ್ಚಿದೆ. ಮೊದಲ ಸ್ವರ ಎದ್ದಿತು.

ಅವ್ವ ಮೊಣಕಾಲಿಗೆ ಕೈಯೂರಿ ಎದ್ದಳು. ಸೊಪ್ಪಿನ ಬುಟ್ಟಿಯನ್ನು ಸೊಂಟಕ್ಕೆ ಇಟ್ಟುಕೊಂಡಳು. ಅಡಿಗೆಮನೆಯ ಕಡೆ ಎರಡು ಹೆಜ್ಜೆ ಹೋಗಿ ತಿರುಗಿ ನೋಡಿದಳು. ದನಿಯಿಲ್ಲದಿದ್ದರೂ ಅವಳ ತುಟಿಯಿಂದ ಆ ಮಾತನ್ನು ನಾನು ಓದಬಲ್ಲವಳಾಗಿದ್ದೆ.

"ನಾ ಬರೂತನಕ ನೀ ಸಾ ಹಿಡಿ."

ಹನ್ನೆರಡನೆಯ ವಯಸ್ಸಿನಿಂದ ಅವಳೆದುರು ಹಾಡಲು ತೆರೆಯದ ಬಾಯಿ ತೆರೆದೆ. ಬಂದದ್ದನ್ನು ಸ್ವರ ಎನ್ನಲಾಗದು. ಒಡಕು ದನಿ, ಅಳುವಿನ ದನಿ, ಸಿಂಬಳದ ದನಿ. ಆದರೂ ಹಿಡಿದೆ. ಉಸಿರು ಮುಗಿದರೆ ಮತ್ತೆ ಎಳೆದುಕೊಂಡು ಮತ್ತೆ ಹಿಡಿದೆ. ಒಳಗಿನಿಂದ ನಲ್ಲಿಯ ಸದ್ದು, ಸೊಪ್ಪು ತೊಳೆಯುವ ಸದ್ದು ಬಂತು. ಈ ಸಲ ಅದರ ಜೊತೆ ಬೇರೆ ಗಂಟಲು ಇರಲಿಲ್ಲ, ನನ್ನದೊಂದೇ ಇತ್ತು. ಅಪ್ಪ ಎಚ್ಚರಾಗಿ ಕಣ್ಣು ಬಿಟ್ಟು ನನ್ನನ್ನು ನೋಡುತ್ತ ಕೂತರು.

ಅವ್ವ ಸೆರಗಿಗೆ ಕೈ ಒರೆಸಿಕೊಳ್ಳುತ್ತ ಬಾಗಿಲಿಗೆ ಬಂದು ನಿಂತಳು. ಕತ್ತು ಓರೆ ಮಾಡಿ ಕೇಳಿದಳು. ತೋರುಬೆರಳು ಮೇಲೆದ್ದಿತು.

ನಾನು ಏರಿಸಿದೆ. ಬೆರಳು ಇಳಿಯಲಿಲ್ಲ. ಇನ್ನೂ ಸ್ವಲ್ಪ ಏರಿಸಿದೆ.